ತೊಟ್ಟಿಲ ಆಚೆಗೂ ಓಟವಿದೆ

ಪೆರೆಸ್ ಜೆಪ್‌ಚಿರ್‌ಚಿರ್. ನಮ್ಮ ನಾಲಿಗೆಗೆ ಅಷ್ಟು ಸುಲಭವಾಗಿ ಹೊರಳುವ ಹೆಸರಲ್ಲ. ಆದರೆ ಈ ಹೆಸರಿನ ಹೆಣ್ಣುಮಗಳು ನಮ್ಮ ರಾಜ್ಯದ ರಸ್ತೆಯಲ್ಲೇ ಓಡಿ ಗೆದ್ದು ಹೋದವರು. 2016ರ ಮೇ ತಿಂಗಳಲ್ಲಿ ಬೆಂಗಳೂರಿನ ವಿಶ್ವ 10ಕೆ ಓಟದಲ್ಲಿ ಹತ್ತು ಕಿಲೋಮೀಟರ್ ದೂರವನ್ನು 32 ನಿಮಿಷ 15 ಸೆಕೆಂಡಿನಲ್ಲಿ ಮುಗಿಸಿ ಮಹಿಳೆಯರಲ್ಲಿ ಮೊದಲಿಗರಾದರು. ಆಗ ಅವರ ವಯಸ್ಸು 22. ಮರುದಿನದ ಪತ್ರಿಕೆಯಲ್ಲಿ ಸುದ್ದಿ ಓದಿ ಮರೆತುಬಿಟ್ಟವರೇ ಹೆಚ್ಚು.

ಐದು ವರ್ಷ ಕಳೆದು 2021ರಲ್ಲಿ ಅದೇ ಜೆಪ್‌ಚಿರ್‌ಚಿರ್ ಒಲಿಂಪಿಕ್ಸ್ ಮ್ಯಾರಥಾನಿನ ಚಿನ್ನ ಗೆದ್ದರು. ಈ ಎರಡು ಗೆಲುವುಗಳ ನಡುವೆ ಅವರ ಮಡಿಲಿಗೆ ಒಂದು ಹೆಣ್ಣು ಮಗು ಬಂದಿತ್ತು. ನಮ್ಮ ಮನೆಗಳ ಹೆಣ್ಣುಮಕ್ಕಳು, ಅವರಿಗಿಂತ ಹೆಚ್ಚಾಗಿ ಅವರ ಉಮ್ಮ, ಅತ್ತೆ ಮತ್ತು ಗಂಡಂದಿರು ತಿಳಿಯಬೇಕಾದ ಸಂಗತಿ ಇರುವುದು ಈ ನಡುವಿನ ಐದು ವರ್ಷಗಳಲ್ಲಿ.

ಮೊದಲು ಮ್ಯಾರಥಾನ್ ಎಂದರೆ ಎಷ್ಟು ದೂರ ಎಂದು ಅಂದಾಜಾಗಬೇಕು. 42 ಕಿಲೋಮೀಟರ್ 195 ಮೀಟರ್. ಮಂಗಳೂರಿನಿಂದ ಹೊರಟರೆ ಸುರತ್ಕಲ್, ಮುಲ್ಕಿ, ಪಡುಬಿದ್ರಿ ದಾಟಿ ಹೆಚ್ಚುಕಡಿಮೆ ಕಾಪು ತಲುಪುವಷ್ಟು. ಬಸ್ಸಿನಲ್ಲಿ ಕೂತು ಹೋದರೂ ಸೊಂಟ ಹಿಡಿಯುವ ದಾರಿ. ಇಷ್ಟು ದೂರ ಓಡಲು ಹೆಂಗಸರ ಶರೀರಕ್ಕೆ ಶಕ್ತಿಯಿಲ್ಲ ಎಂದು ದೊಡ್ಡ ದೊಡ್ಡವರೇ ಬಹಳ ಕಾಲ ವಾದಿಸುತ್ತಿದ್ದರು. ಗಂಡಸರ ಮ್ಯಾರಥಾನ್ 1896ರ ಮೊದಲ ಒಲಿಂಪಿಕ್ಸಿನಲ್ಲೇ ಇತ್ತು. ಹೆಂಗಸರಿಗೆ ಆ ಅವಕಾಶ ಸಿಕ್ಕಿದ್ದು 1984ರ ಲಾಸ್ ಏಂಜಲೀಸ್ ಒಲಿಂಪಿಕ್ಸಿನಲ್ಲಿ. ಎಂಭತ್ತೆಂಟು ವರ್ಷ ಕಾಯಬೇಕಾಯಿತು! ಅವಕಾಶ ಸಿಕ್ಕಿ ಹನ್ನೆರಡು ವರ್ಷಕ್ಕೆ, ಅಂದರೆ 1996ರಲ್ಲಿ, ಇಥಿಯೋಪಿಯಾದ ಫಾತುಮಾ ರೋಬಾ ಈ ಚಿನ್ನ ಗೆದ್ದ ಆಫ್ರಿಕಾದ ಮೊದಲ ಮಹಿಳೆಯಾದರು. ಅಂದಿನಿಂದ ಇಥಿಯೋಪಿಯಾ ಮತ್ತು ಕೀನ್ಯಾದ ಹೆಣ್ಣುಮಕ್ಕಳು ಈ ಓಟದಲ್ಲಿ ಹಿಂದೆ ನೋಡಿದ್ದಿಲ್ಲ.

ಜೆಪ್‌ಚಿರ್‌ಚಿರ್ ಕೀನ್ಯಾದ ರಿಫ್ಟ್ ಕಣಿವೆಯ ಎತ್ತರದ ನಾಡಿನವರು. ಜನನ 1993ರ ಸೆಪ್ಟೆಂಬರ್ 27. ಬೆಂಗಳೂರಿಗೆ ಬರುವ ಎರಡು ತಿಂಗಳ ಮೊದಲಷ್ಟೇ ಬ್ರಿಟನ್ನಿನ ಕಾರ್ಡಿಫ್‌ನಲ್ಲಿ ಅರ್ಧ ಮ್ಯಾರಥಾನಿನ ವಿಶ್ವ ಚಾಂಪಿಯನ್ ಆಗಿದ್ದರು. 2017ರ ಫೆಬ್ರವರಿಯಲ್ಲಿ, ನಮ್ಮವರು ಬಹಳ ಮಂದಿ ದುಡಿಯುವ ಯುಎಇಯ ರಾಸ್ ಅಲ್ ಖೈಮಾದಲ್ಲಿ, ಅರ್ಧ ಮ್ಯಾರಥಾನನ್ನು 1 ಗಂಟೆ 5 ನಿಮಿಷ 6 ಸೆಕೆಂಡಿನಲ್ಲಿ ಓಡಿ ವಿಶ್ವ ದಾಖಲೆ ಬರೆದರು. ವಯಸ್ಸು 23. ಏರುಗಾಲ.

ಅಷ್ಟರಲ್ಲೇ ಓಟ ನಿಂತಿತು. ಅದೇ ವರ್ಷ ಗರ್ಭಿಣಿಯಾದರು, ವರ್ಷದ ಕೊನೆಗೆ ಮಗಳು ನಟಾಲಿಯಾ ಹುಟ್ಟಿದಳು. ಅವರ ದಾಖಲೆಯಾದರೋ ಎರಡು ತಿಂಗಳು ಕೂಡ ಬಾಳಲಿಲ್ಲ. ಏಪ್ರಿಲ್ 1ರಂದು ಅವರದೇ ದೇಶದ ಜಾಯ್ಸಿಲಿನ್ ಜೆಪ್‌ಕೊಸ್ಗೈ ಅದನ್ನು ಮುರಿದಿದ್ದರು. 2018ರ ಬಹುಪಾಲು ಸ್ಪರ್ಧೆಯಿಲ್ಲದೆ ಕಳೆಯಿತು. ಓಟವೇ ಹೊಟ್ಟೆಪಾಡಾಗಿರುವವರಿಗೆ ಇದು ಸಣ್ಣ ಮಾತಲ್ಲ. ಓಡದಿದ್ದರೆ ಬಹುಮಾನವಿಲ್ಲ. ಬೂಟಿನ ಕಂಪೆನಿಗಳು ಗರ್ಭಿಣಿಯರ ಸಂಭಾವನೆಗೆ ಕತ್ತರಿ ಹಾಕುವ ಪದ್ಧತಿಯೂ ಇತ್ತು. 2019ರಲ್ಲಿ ಅಮೆರಿಕದ ಆಲಿಸನ್ ಫೆಲಿಕ್ಸ್ ಮತ್ತಿತರ ಓಟಗಾರ್ತಿಯರು ಬಾಯಿಬಿಟ್ಟು ಹೇಳಿದ ಮೇಲೆಯೇ ನೈಕಿ ಕಂಪೆನಿ ಗರ್ಭಿಣಿ ಬಾಣಂತಿಯರಿಗೆ ಹದಿನೆಂಟು ತಿಂಗಳ ಕಾಲ ಸಂಭಾವನೆ ಕಡಿತ ಮಾಡುವುದಿಲ್ಲ ಎಂದು ನಿಯಮ ಬದಲಿಸಿದ್ದು.

ಬಾಣಂತಿ ಶರೀರ ಎಂಥದ್ದು ಎಂದು ನಮ್ಮ ಹೆಂಗಸರಿಗೆ ಯಾರೂ ಕಲಿಸಬೇಕಾಗಿಲ್ಲ. ಹೊಟ್ಟೆಯ, ಸೊಂಟದ ಸ್ನಾಯುಗಳು ಸಡಿಲವಾಗಿರುತ್ತವೆ. ರಕ್ತ ಕಡಿಮೆಯಾಗಿರುತ್ತದೆ. ಹಾಲೂಡಿಸುವ ತಾಯಿಗೆ ಊಟವೂ ಹೆಚ್ಚು ಬೇಕು, ನಿದ್ದೆಯಂತೂ ಇರುವುದೇ ಇಲ್ಲ. ಮೊದಲು ನಡಿಗೆ, ಆಮೇಲೆ ಹಗುರ ವ್ಯಾಯಾಮ, ಆಮೇಲೆ ಓಟ ಎಂದು ಮೆಟ್ಟಿಲು ಮೆಟ್ಟಿಲಾಗಿ ಹತ್ತಬೇಕಾದ ದಾರಿ ಅದು. ಅವಸರ ಮಾಡಿದರೆ ಮೂಳೆಗೆ, ಕೀಲಿಗೆ ಪೆಟ್ಟು.

ಜೆಪ್‌ಚಿರ್‌ಚಿರ್ ಮರಳಿದ್ದು ಹಾಗೆ, ಸಮಯ ತೆಗೆದುಕೊಂಡು. 2019ರ ಡಿಸೆಂಬರಿನಲ್ಲಿ ಜಪಾನಿನ ಸೈತಾಮಾ ಮ್ಯಾರಥಾನನ್ನು 2 ಗಂಟೆ 23 ನಿಮಿಷ 50 ಸೆಕೆಂಡಿನಲ್ಲಿ ಗೆದ್ದಾಗ ಮಗಳಿಗೆ ಎರಡು ವರ್ಷ. 2020ರಲ್ಲಿ ಕೊರೋನಾದಿಂದ ಲೋಕವೇ ಬಾಗಿಲು ಹಾಕಿಕೊಂಡಿದ್ದ ವರ್ಷ ಸೆಪ್ಟೆಂಬರಿನಲ್ಲಿ ಪ್ರಾಗ್‌ನಲ್ಲಿ, ಅಕ್ಟೋಬರಿನಲ್ಲಿ ಪೋಲೆಂಡಿನ ಗ್ಡಿನಿಯಾದಲ್ಲಿ ಅರ್ಧ ಮ್ಯಾರಥಾನಿನ ದಾಖಲೆಯನ್ನು ಆರು ವಾರದೊಳಗೆ ಎರಡು ಬಾರಿ ಮುರಿದರು. ವೇಗ ಹಿಡಿದು ಕೊಡುವ ಗಂಡಸರು ಜೊತೆಗಿಲ್ಲದೆ, ಬರೇ ಹೆಂಗಸರೇ ಓಡುವ ಸ್ಪರ್ಧೆಗಳ ದಾಖಲೆ ಇದು. ಗ್ಡಿನಿಯಾದ ಓಟ ಅವರಿಗೆ ಎರಡನೇ ವಿಶ್ವ ಪಟ್ಟವನ್ನೂ ತಂದಿತು.

ಮುಂದಿನದು 2021ರ ಆಗಸ್ಟ್ 7. ಟೋಕಿಯೋದಲ್ಲಿ ಸೆಕೆ ಹೆಚ್ಚು ಎಂದು ಒಲಿಂಪಿಕ್ಸಿನ ಮ್ಯಾರಥಾನನ್ನು ಉತ್ತರದ ಸಪ್ಪೊರೊ ನಗರಕ್ಕೆ ಸಾಗಿಸಿದ್ದರು. ಅಲ್ಲಿಯೂ ಸೆಕೆ ಬಿಡಲಿಲ್ಲ. ಬೆಳಗ್ಗೆ ಏಳಕ್ಕಿದ್ದ ಓಟವನ್ನು ಆರಕ್ಕೇ ಶುರು ಮಾಡಿದರು. 2 ಗಂಟೆ 27 ನಿಮಿಷ 20 ಸೆಕೆಂಡಿನಲ್ಲಿ ಗೆರೆ ದಾಟಿದ ಜೆಪ್‌ಚಿರ್‌ಚಿರ್‌ಗೆ ಚಿನ್ನ. ಅದೇ ವರ್ಷ ನವೆಂಬರಿನಲ್ಲಿ ನ್ಯೂಯಾರ್ಕ್, 2022ರ ಏಪ್ರಿಲಿನಲ್ಲಿ ಬೋಸ್ಟನ್. ಒಲಿಂಪಿಕ್ಸ್, ನ್ಯೂಯಾರ್ಕ್, ಬೋಸ್ಟನ್ ಮೂರೂ ಮ್ಯಾರಥಾನ್ ಗೆದ್ದವರು ಗಂಡಸರಲ್ಲಾಗಲೀ ಹೆಂಗಸರಲ್ಲಾಗಲೀ ಅವರಿಗಿಂತ ಮೊದಲು ಯಾರೂ ಇರಲಿಲ್ಲ.

ತಾಯಿಯಾದ ಮೇಲೆ ಆಕೆಗೆ ಬರೇ ಗೆಲುವೇ ಸಿಕ್ಕಿತು ಎಂದು ಬರೆದರೆ ಅದು ಪೂರ್ತಿ ಸತ್ಯವಾಗುವುದಿಲ್ಲ. ಸೋಲೂ ಇತ್ತು. 2023ರ ಲಂಡನ್ ಮ್ಯಾರಥಾನಿನಲ್ಲಿ ಅವರು ಮೂರನೆಯವರು. ಅಂದು ಗೆದ್ದವರು ಇಥಿಯೋಪಿಯಾದಲ್ಲಿ ಹುಟ್ಟಿ ನೆದರ್‌ಲ್ಯಾಂಡ್ಸ್ ಪರ ಓಡುವ ಸಿಫಾನ್ ಹಸನ್. ಅದು ಪೆರ್ನಾಲ್ ಕಳೆದ ಮರುಗಳಿಗೆಯ ಓಟ. ರಮಳಾನ್ ತಿಂಗಳಲ್ಲೇ ಅವರು ಅದಕ್ಕೆ ತಯಾರಿ ನಡೆಸಿದ್ದರು. 2024ರ ಪ್ಯಾರಿಸ್ ಒಲಿಂಪಿಕ್ಸಿನಲ್ಲೂ ಚಿನ್ನ ಸಿಫಾನ್‌ಗೆ. ಪದಕ ಪಡೆಯಲು ಅವರು ಹಿಜಾಬ್ ಧರಿಸಿ ವೇದಿಕೆ ಹತ್ತಿದ ಚಿತ್ರವನ್ನು ನಮ್ಮಲ್ಲಿ ಬಹಳ ಜನ ಮೊಬೈಲಿನಲ್ಲಿ ನೋಡಿರಬಹುದು. ಅದೇ ಓಟದಲ್ಲಿ ಜೆಪ್‌ಚಿರ್‌ಚಿರ್ ಹದಿನೈದನೆಯವರು. ಬರೇ ನಾಲ್ಕು ತಿಂಗಳ ಹಿಂದೆ ಲಂಡನ್ನಿನಲ್ಲಿ 2 ಗಂಟೆ 16 ನಿಮಿಷ 16 ಸೆಕೆಂಡಿನಲ್ಲಿ ಓಡಿ, ಹೆಂಗಸರದ್ದೇ ಆದ ಮ್ಯಾರಥಾನಿನ ವಿಶ್ವ ದಾಖಲೆ ಮಾಡಿದ್ದವರು ಅವರು. ಒಂದು ಕಿಲೋಮೀಟರಿಗೆ ಮೂರೂಕಾಲು ನಿಮಿಷವೂ ಇಲ್ಲ.

ಮೂವತ್ತು ದಾಟಿದ ತಾಯಿ, ಹದಿನೈದನೇ ಸ್ಥಾನ. "ಇನ್ನು ಸಾಕು, ಮನೆಯಲ್ಲಿ ಕೂತ್ಕೊ" ಎನ್ನಲು ಇಷ್ಟು ಕಾರಣ ಯಾರಿಗೂ ಸಾಕಾಗುತ್ತಿತ್ತು. 2025ರ ಸೆಪ್ಟೆಂಬರ್ 14ರಂದು ಟೋಕಿಯೋದ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ಅವರು ಇಥಿಯೋಪಿಯಾದ ಟಿಗ್‌ಸ್ಟ್ ಅಸೆಫಾರನ್ನು ಎರಡೇ ಎರಡು ಸೆಕೆಂಡಿನಿಂದ ಹಿಂದೆ ಹಾಕಿ ಚಿನ್ನ ಗೆದ್ದರು. ಮಗಳಿಗೆ ಆಗ ಏಳು ವರ್ಷ.

ಹಾಗಾದರೆ ಹೆಣ್ಣಿನ ಶರೀರ ಮರಳಿ ಬರುತ್ತದೆ. ಮನೆ ಬಿಡಬೇಕಷ್ಟೆ. ಮನೆ ಬಿಡದಿದ್ದರೆ ಏನಾಗುತ್ತದೆ ಎಂಬುದಕ್ಕೂ ಅದೇ ಬೆಂಗಳೂರಿನ ಓಟದಲ್ಲೇ ಒಂದು ಹೆಸರಿದೆ. ಅದನ್ನು ಬರೆಯಲು ಸಂಕಟವಾಗುತ್ತದೆ. ಕೀನ್ಯಾದ ಆಗ್ನೆಸ್ ಟಿರೊಪ್ 2018 ಮತ್ತು 2019, ಎರಡೂ ವರ್ಷ ವಿಶ್ವ 10ಕೆ ಗೆದ್ದವರು. 2018ರಲ್ಲಿ ಅವರು ಓಡಿದ 31 ನಿಮಿಷ 19 ಸೆಕೆಂಡ್ ಆ ಕಾಲಕ್ಕೆ ಆ ಓಟದ ದಾಖಲೆ. 2021ರ ಅಕ್ಟೋಬರಿನಲ್ಲಿ, ಇಟೆನ್ ಎಂಬ ಊರಿನ ತಮ್ಮ ಮನೆಯಲ್ಲಿ ಇರಿತಕ್ಕೊಳಗಾಗಿ ಅವರು ಶವವಾಗಿ ಸಿಕ್ಕಿದರು. ವಯಸ್ಸು 25. ಕೊಲೆಯ ಆರೋಪ ಹೊರಿಸಿದ್ದು ಗಂಡನ ಮೇಲೆ. ಆತ ಅದನ್ನು ನಿರಾಕರಿಸಿದ್ದಾನೆ. ಮೂರು ವರ್ಷದ ಬಳಿಕ, ಪ್ಯಾರಿಸ್ ಮ್ಯಾರಥಾನಿನಲ್ಲಿ ಓಡಿ ಮರಳಿದ ಉಗಾಂಡದ ರೆಬೆಕಾ ಚೆಪ್ಟೆಗೆಯ್ ಮೇಲೆ ಹಿಂದೆ ಜೊತೆಗಿದ್ದ ಗಂಡಸು ಪೆಟ್ರೋಲ್ ಸುರಿದು ಬೆಂಕಿ ಹಚ್ಚಿದ. 2024ರ ಸೆಪ್ಟೆಂಬರ್ 5ರಂದು ಅವರು ಆಸ್ಪತ್ರೆಯಲ್ಲಿ ತೀರಿಹೋದರು. ಜಾಗದ ತಕರಾರು ಅದರ ಹಿಂದಿತ್ತು ಎಂದು ವರದಿಗಳು ಹೇಳಿದವು.

ಹೆಣ್ಣು ಗೆದ್ದು ತಂದ ಹಣ ಯಾರದ್ದು ಎಂಬ ಪ್ರಶ್ನೆ ಓಟಗಾರ್ತಿಯರ ನಾಡಿನಲ್ಲಿ ಬಹಳ ಕಾಲದಿಂದ ಇದೆ. ಜಾಗ, ಮನೆ, ಬ್ಯಾಂಕ್ ಖಾತೆ ಎಲ್ಲವೂ ಗಂಡನ ಕೈಯಲ್ಲಿ, ಓಡುವ ಕಾಲು ಮಾತ್ರ ಹೆಂಡತಿಯದ್ದು ಎಂಬಂತಾದ ಕಥೆಗಳು ಅಲ್ಲಿ ಎಷ್ಟೋ. ಆಗ್ನೆಸ್ ತೀರಿಹೋದ ಮೇಲೆ ಜೊತೆ ಓಟಗಾರ್ತಿಯರು ಸೇರಿ ಟಿರೊಪ್ಸ್ ಏಂಜಲ್ಸ್ ಎಂಬ ಸಂಸ್ಥೆ ಕಟ್ಟಿ, ಇಂಥ ಸಂಕಟದಲ್ಲಿರುವ ಹೆಂಗಸರಿಗೆ ನೆರವಾಗುತ್ತಿದ್ದಾರೆ. ನಮ್ಮ ಮಟ್ಟಿಗೆ ಇದು ಹೊಸ ಪ್ರಶ್ನೆಯಾಗಬಾರದು. ಹೆಣ್ಣಿನ ಸಂಪಾದನೆ ಹೆಣ್ಣಿನದೇ, ಮಹ್ರ್ ಆಕೆಯದೇ ಎಂಬುದು ಮದ್ರಸದ ಮಕ್ಕಳಿಗೂ ಗೊತ್ತಿರುವ ಪಾಠ. ಪಾಠ ಗೊತ್ತಿದೆ. ಎಷ್ಟು ಮನೆಗಳಲ್ಲಿ ಹೆಂಡತಿಯ ಎಟಿಎಂ ಕಾರ್ಡು ಹೆಂಡತಿಯ ಕೈಯಲ್ಲೇ ಇದೆ ಎಂದು ನಾವು ನಾವೇ ಕೇಳಿಕೊಂಡರೆ ಸಾಕು.

ನಾನಿರುವ ಅಥಣಿ ತಾಲೂಕಿನ ಅನಂತಪುರದ ಕಡೆ ಮಹಾರಾಷ್ಟ್ರದ ಗಡಿ ಹತ್ತಿರ. ಬೆಳಗಾವಿ ಜಿಲ್ಲೆಯ ಹುಡುಗರಿಗೆ ಸೈನ್ಯ, ಪೊಲೀಸ್ ಎಂದರೆ ಬಹಳ ಆಸೆ. ಸುಬಹ್ ನಮಾಝ್ ಮುಗಿಸಿ ಹೊರಬಂದರೆ ಭರ್ತಿಗಾಗಿ ರಸ್ತೆಯಲ್ಲಿ ಓಡುವ ಹುಡುಗರು ಕಾಣುತ್ತಾರೆ. ನಡುವೆ ಒಬ್ಬಿಬ್ಬರು ಹುಡುಗಿಯರೂ ಇರುತ್ತಾರೆ. ಮದುವೆಯಾದವರು ಮಾತ್ರ ಕಾಣುವುದಿಲ್ಲ. ನಮ್ಮ ಕರಾವಳಿಯಲ್ಲೂ ಇದೇ ಲೆಕ್ಕ. ವಲಯ ಮಟ್ಟದ, ತಾಲೂಕು ಮಟ್ಟದ ಕ್ರೀಡಾಕೂಟದಲ್ಲಿ ಕಪ್ ಗೆದ್ದ ಹುಡುಗಿಯ ಫೋಟೊ ಮನೆಯ ಶೋಕೇಸಿನಲ್ಲಿರುತ್ತದೆ. ಹುಡುಗಿ ಅಡುಗೆಮನೆಯಲ್ಲಿರುತ್ತಾಳೆ. ಎರಡು ಹೆರಿಗೆಯಾಗುವಷ್ಟರಲ್ಲಿ ಮೆಟ್ಟಿಲು ಹತ್ತಿದರೂ ಏದುಸಿರು, ಮೂವತ್ತೈದಕ್ಕೆ ಶುಗರ್, ಮಂಡಿನೋವು.

ನಮ್ಮ ಹೆಣ್ಣುಮಕ್ಕಳೆಲ್ಲ ಮ್ಯಾರಥಾನ್ ಓಡಲಿ ಎಂದು ನಾನು ಹೇಳುತ್ತಿಲ್ಲ. ಕಲಿಕೆ, ನೌಕರಿ, ಹೊಲಿಗೆ, ಆಟ ಯಾವುದೇ ಇರಲಿ, ಬಾಣಂತನ ಅದಕ್ಕೆ ವಿರಾಮ. ಅದನ್ನೇ ಕೊನೆ ಎಂದು ತೀರ್ಮಾನಿಸುವುದು ನಾವು. ನಮ್ಮ ದೇಶದ್ದೇ ಉದಾಹರಣೆ ಬೇಕೆಂದರೆ ಸಾನಿಯಾ ಮಿರ್ಜಾ ಇದ್ದಾರೆ. 2018ರಲ್ಲಿ ಮಗ ಹುಟ್ಟಿದ ಮೇಲೆ 2020ರ ಜನವರಿಯಲ್ಲಿ ಟೆನಿಸ್ ಅಂಗಣಕ್ಕೆ ಮರಳಿ, ಹೋಬಾರ್ಟ್‌ನಲ್ಲಿ ಮೊದಲ ಟೂರ್ನಿಯಲ್ಲೇ ಡಬಲ್ಸ್ ಪ್ರಶಸ್ತಿ ಗೆದ್ದರು. ಉಡುಪಿನದ್ದೇ ಚಿಂತೆಯಾದರೆ ಸೌದಿಯ ಸಾರಾ ಅತ್ತಾರ್ 2012ರ ಲಂಡನ್ ಒಲಿಂಪಿಕ್ಸಿನಲ್ಲಿ ತಲೆ ಮುಚ್ಚಿಕೊಂಡೇ 800 ಮೀಟರ್ ಓಡಿದರು. ನಾಲ್ಕು ವರ್ಷ ಕಳೆದು ರಿಯೋದಲ್ಲಿ ಮ್ಯಾರಥಾನ್ ಕೂಡ ಓಡಿ ಮುಗಿಸಿದರು.

ಮನೆಯವರು ಮಾಡಬೇಕಾದ್ದು ದೊಡ್ಡದೇನೂ ಇಲ್ಲ. ಬಾಣಂತನ ಮುಗಿದ ಮೇಲೆ ಡಾಕ್ಟರನ್ನು ಕೇಳಿ, ದಿನಕ್ಕೆ ಅರ್ಧ ಗಂಟೆ ನಡೆಯಲು ಬಿಡಿ. ಆ ಅರ್ಧ ಗಂಟೆ ಮಗುವನ್ನು ಗಂಡನೋ ಅತ್ತೆಯೋ ಎತ್ತಿಕೊಳ್ಳಲಿ. ರಕ್ತ ಪರೀಕ್ಷೆ ಮಾಡಿಸಿ. ನಿಂತ ಡಿಗ್ರಿ ಇದ್ದರೆ ಉಳಿದ ಪರೀಕ್ಷೆಗಳ ಫೀಸು ಕಟ್ಟಿ. ಒಂದು ಸಲ ಸೋತು ಬಂದರೆ "ಹೇಳಿದ್ದೆವಲ್ಲ" ಎನ್ನಬೇಡಿ. ಹದಿನೈದನೆಯವರಾಗಿ ಪ್ಯಾರಿಸಿನಿಂದ ಮನೆಗೆ ಮರಳಿದ ತಾಯಿ ಮುಂದಿನ ವರ್ಷ ವಿಶ್ವ ಚಾಂಪಿಯನ್ ಆದರು.