ಅತ್ಯಾಚಾರ ಪ್ರಕರಣ: ಮೇಲ್ಮನವಿಯಲ್ಲಿ ಸಂತ್ರಸ್ತೆಯ ಮಾತಿಗೆ ಎಷ್ಟು ತೂಕ?

ಕಾಸರಗೋಡು: ಅತ್ಯಾಚಾರ ಪ್ರಕರಣದಲ್ಲಿ ಕೆಳಗಿನ ನ್ಯಾಯಾಲಯ ಶಿಕ್ಷೆ ಕೊಟ್ಟಿತು, ಹೈಕೋರ್ಟ್ ಬಿಡುಗಡೆ ಮಾಡಿತು. ಇಲ್ಲವೇ ಕೆಳಗೆ ಬಿಡುಗಡೆಯಾದವನಿಗೆ ಮೇಲೆ ಶಿಕ್ಷೆಯಾಯಿತು. ಇಂಥ ಸುದ್ದಿಗಳು ಆಗಾಗ ಬರುತ್ತವೆ. ಸಾಕ್ಷಿ ಹೇಳಿದವಳು ಒಬ್ಬಳೇ, ಹೇಳಿದ ಮಾತೂ ಅದೇ. ಹಾಗಿದ್ದರೂ ತೀರ್ಪು ಬದಲಾಗುವುದು ಏಕೆ ಎಂದು ಜನ ಕೇಳುವುದು ಸಹಜ.

ಮೇಲ್ಮನವಿ ಎಂದರೆ ಹೊಸದಾಗಿ ನಡೆಯುವ ವಿಚಾರಣೆಯಲ್ಲ. ಸಂತ್ರಸ್ತೆ ಸಾಮಾನ್ಯವಾಗಿ ಮತ್ತೆ ಕಟಕಟೆ ಏರುವುದಿಲ್ಲ. ಸೆಷನ್ಸ್ ನ್ಯಾಯಾಲಯದಲ್ಲಿ ಆಕೆ ಹೇಳಿದ್ದು ಕಾಗದದಲ್ಲಿ ಹೇಗೆ ದಾಖಲಾಗಿದೆಯೋ ಅದನ್ನೇ ಹೈಕೋರ್ಟ್ ನ್ಯಾಯಮೂರ್ತಿಗಳು ಓದುತ್ತಾರೆ. ಆಕೆಯ ಕಣ್ಣೀರು, ತಡವರಿಕೆ ಅವರಿಗೆ ಕಾಣುವುದಿಲ್ಲ. ಸಾಕ್ಷಿಯ ಹಾವಭಾವದ ಬಗ್ಗೆ ಕೆಳಗಿನ ನ್ಯಾಯಾಧೀಶರು ಟಿಪ್ಪಣಿ ಬರೆದಿದ್ದರೆ ಅದಷ್ಟೇ ಸಿಗುತ್ತದೆ.

ಒಬ್ಬಳ ಮಾತು ಸಾಕೇ?

ನಂಬಲರ್ಹವಾಗಿದ್ದರೆ ಸಾಕು ಎಂಬುದು ಸುಪ್ರೀಂ ಕೋರ್ಟಿನ ನಿಲುವು. ಸಂತ್ರಸ್ತೆಯ ಮಾತಿಗೆ ಬೇರೆ ಸಾಕ್ಷ್ಯದ ಬೆಂಬಲ ಇರಲೇಬೇಕೆಂದು ಹಟ ಹಿಡಿಯುವುದು ಗಾಯದ ಮೇಲೆ ಅವಮಾನ ಸೇರಿಸಿದಂತೆ ಎಂದು ಗುಜರಾತಿನ ಭೋಗಿನ್‌ಭಾಯಿ ಪ್ರಕರಣದಲ್ಲಿ 1983ರಲ್ಲಿ ಕೋರ್ಟ್ ಹೇಳಿತು. ಆಕೆ ಅಪರಾಧದಲ್ಲಿ ಪಾಲುದಾರಳಲ್ಲ, ಗಾಯಗೊಂಡ ಸಾಕ್ಷಿಗೆ ಸಮಾನಳು ಎಂದು 1990ರಲ್ಲಿ ಮಹಾರಾಷ್ಟ್ರದ ಪ್ರಕರಣವೊಂದರಲ್ಲಿ ಸ್ಪಷ್ಟಪಡಿಸಿತು.

ಪಂಜಾಬಿನ ಗುರ್ಮಿತ್ ಸಿಂಗ್ ಪ್ರಕರಣ ಹಳ್ಳಿಯವರಿಗೆ ಚೆನ್ನಾಗಿ ಅರ್ಥವಾಗುವಂಥದ್ದು. 1984ರಲ್ಲಿ ಹತ್ತನೇ ತರಗತಿ ಪರೀಕ್ಷೆ ಬರೆಯುತ್ತಿದ್ದ ಬಾಲಕಿಯನ್ನು ಕಾರಿನಲ್ಲಿ ಅಪಹರಿಸಲಾಗಿತ್ತು. ಮನೆಯವರು ಮೊದಲು ಪಂಚಾಯತಿಗೆ ಹೋದರು, ರಾಜಿ ಮಾತುಕತೆ ನಡೆಯಿತು, ಪೊಲೀಸರಿಗೆ ದೂರು ಕೊಡುವಾಗ ತಡವಾಯಿತು. ದೂರು ತಡ, ಕಾರು ಯಾವ ಕಂಪೆನಿಯದೆಂದು ಹುಡುಗಿಗೆ ಗೊತ್ತಿಲ್ಲ, ದಾರಿಯಲ್ಲಿ ಕೂಗಲಿಲ್ಲ ಎಂಬ ಕಾರಣಗಳಿಗಾಗಿ ವಿಚಾರಣಾ ನ್ಯಾಯಾಲಯ 1985ರಲ್ಲಿ ಆರೋಪಿಗಳನ್ನು ಬಿಟ್ಟಿತು. ಸುಪ್ರೀಂ ಕೋರ್ಟ್ 1996ರಲ್ಲಿ ಅದನ್ನು ರದ್ದುಮಾಡಿ ಶಿಕ್ಷೆ ವಿಧಿಸಿತು. ಹಳ್ಳಿಯ ಹುಡುಗಿಗೆ ಕಾರಿನ ಹೆಸರು ತಿಳಿಯದಿದ್ದರೆ ಅವಳ ಮಾತು ಸುಳ್ಳಾಗದು, ಮನೆತನದ ಮಾನಕ್ಕೆ ಅಂಜಿ ದೂರು ತಡವಾಗುವುದೂ ಸಹಜ ಎಂಬುದು ಆ ತೀರ್ಪಿನ ಸಾರ.

ಸಣ್ಣ ವ್ಯತ್ಯಾಸ, ದೊಡ್ಡ ವ್ಯತ್ಯಾಸ

ಗಂಟೆ, ದೂರ, ಬಟ್ಟೆಯ ಬಣ್ಣದಂಥ ವಿವರಗಳಲ್ಲಿ ಹೆಚ್ಚುಕಡಿಮೆ ಇದ್ದರೆ ಕೋರ್ಟ್ ಅದನ್ನು ದೊಡ್ಡದು ಮಾಡುವುದಿಲ್ಲ. ಆದರೆ ಯಾರು ಮಾಡಿದರು, ಏನು ನಡೆಯಿತು ಎಂಬ ಮೂಲ ಸಂಗತಿಯೇ ದೂರಿನಲ್ಲಿ ಒಂದು, ಕಟಕಟೆಯಲ್ಲಿ ಇನ್ನೊಂದು ಆದರೆ ಆರೋಪಿಗೆ ಸಂಶಯದ ಲಾಭ ಸಿಗುತ್ತದೆ. ಒಬ್ಬಳ ಸಾಕ್ಷ್ಯದ ಮೇಲೆಯೇ ಶಿಕ್ಷೆ ಕೊಡಬೇಕಾದರೆ ಅದು ಆರಂಭದಿಂದ ಕೊನೆಯವರೆಗೆ ಒಂದೇ ತೆರನಾಗಿದ್ದು ಪಾಟೀಸವಾಲಿಗೆ ಜಗ್ಗದಂತಿರಬೇಕು ಎಂದು 2012ರ ರಾಯ್ ಸಂದೀಪ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿ ಆರೋಪಿಗಳನ್ನು ಬಿಡುಗಡೆ ಮಾಡಿತು.

ಬಿಡುಗಡೆಯ ವಿರುದ್ಧದ ಮೇಲ್ಮನವಿಯಲ್ಲಿ ಅಳತೆ ಇನ್ನೂ ಬಿಗಿ. 2007ರ ಚಂದ್ರಪ್ಪ ವಿರುದ್ಧ ಕರ್ನಾಟಕ ಸರ್ಕಾರ ತೀರ್ಪಿನ ಪ್ರಕಾರ ಹೈಕೋರ್ಟ್ ಇಡೀ ಸಾಕ್ಷ್ಯವನ್ನು ಮತ್ತೆ ತೂಗಿ ನೋಡಬಹುದು. ಆದರೆ ಸಮಂಜಸವಾದ ಎರಡು ಅಭಿಪ್ರಾಯಗಳಿಗೆ ಅವಕಾಶವಿದ್ದರೆ ಬಿಡುಗಡೆಯ ತೀರ್ಪನ್ನು ಕದಲಿಸಬಾರದು. ಹಾಗಾಗಿ ಕೆಳಗೆ ಸೋತ ಪ್ರಕರಣವನ್ನು ಮೇಲೆ ಗೆಲ್ಲುವುದು ಸುಲಭವಲ್ಲ. 2009ರ ಡಿಸೆಂಬರ್ 31ರಿಂದ ಸಂತ್ರಸ್ತೆಗೇ ನೇರವಾಗಿ ಮೇಲ್ಮನವಿ ಸಲ್ಲಿಸುವ ಹಕ್ಕು ಬಂದಿದೆ, ಸರ್ಕಾರದ ದಾರಿ ಕಾಯಬೇಕಾಗಿಲ್ಲ.

ಸುಮ್ಮನಿದ್ದರೆ ಒಪ್ಪಿದಂತೆಯೇ?

1972ರಲ್ಲಿ ಮಹಾರಾಷ್ಟ್ರದ ಪೊಲೀಸ್ ಠಾಣೆಯೊಂದರಲ್ಲಿ ಆದಿವಾಸಿ ಹುಡುಗಿಯ ಮೇಲೆ ಅತ್ಯಾಚಾರ ನಡೆದ ಪ್ರಕರಣದಲ್ಲಿ ಹೈಕೋರ್ಟ್ ಶಿಕ್ಷೆ ಕೊಟ್ಟಿತ್ತು. ಮೈಮೇಲೆ ಗಾಯವಿಲ್ಲ, ಪ್ರತಿಭಟಿಸಿದ ಗುರುತಿಲ್ಲ ಎಂದು ಸುಪ್ರೀಂ ಕೋರ್ಟ್ 1978ರಲ್ಲಿ ಪೊಲೀಸರನ್ನು ಬಿಡುಗಡೆ ಮಾಡಿತು. ದೇಶದೆಲ್ಲೆಡೆ ಪ್ರತಿಭಟನೆ ಎದ್ದು 1983ರಲ್ಲಿ ಕಾನೂನು ತಿದ್ದುಪಡಿಯಾಯಿತು. ದೈಹಿಕವಾಗಿ ಎದುರಿಸಲಿಲ್ಲ ಎಂಬ ಒಂದೇ ಕಾರಣಕ್ಕೆ ಒಪ್ಪಿಗೆ ಇತ್ತು ಎನ್ನಲಾಗದು ಎಂದು 2013ರ ತಿದ್ದುಪಡಿ ಹೇಳಿತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲೂ ಇದೇ ನಿಯಮವಿದೆ.

ಗಡಿನಾಡಿನವರು ಗಮನಿಸಬೇಕಾದದ್ದು

ಮನೆಯಲ್ಲಿ ಕನ್ನಡ ಅಥವಾ ತುಳು, ಕೋರ್ಟಿನ ದಾಖಲೆ ಮಲಯಾಳಂ ಇಲ್ಲವೇ ಇಂಗ್ಲಿಷಿನಲ್ಲಿ. ಜತ್ತ, ಅಕ್ಕಲಕೋಟೆಯಲ್ಲಿ ಮರಾಠಿ, ತಾಳವಾಡಿಯಲ್ಲಿ ತಮಿಳು. ‘ಹೆದರಿ ಸುಮ್ಮನಾದೆ’ ಎಂದು ಆಕೆ ಹೇಳಿದ್ದು ಭಾಷಾಂತರದಲ್ಲಿ ‘ಸುಮ್ಮನಿದ್ದೆ’ ಎಂದಷ್ಟೇ ಉಳಿದರೆ ವರ್ಷಗಳ ಬಳಿಕ ಮೇಲಿನ ಕೋರ್ಟ್ ಓದುವುದು ಆ ಒಂದೇ ಪದವನ್ನು. ಬಿಟ್ಟುಹೋದ ‘ಹೆದರಿ’ಯನ್ನು ಆಗ ಸೇರಿಸಲು ಬರುವುದಿಲ್ಲ.

ಇದಕ್ಕೆ ಕಾನೂನಿನಲ್ಲೇ ದಾರಿಯಿದೆ. ಸಾಧ್ಯವಿದ್ದರೆ ಸಾಕ್ಷಿಯ ಹೇಳಿಕೆಯನ್ನು ಆಕೆಯ ಭಾಷೆಯಲ್ಲೇ ಬರೆದುಕೊಳ್ಳಬಹುದು, ಇಲ್ಲವಾದರೆ ಸರಿಯಾದ ಭಾಷಾಂತರ ಇರಬೇಕು. ಹೇಳಿಕೆ ಮುಗಿದ ಮೇಲೆ ಅದನ್ನು ಸಾಕ್ಷಿಗೆ ಓದಿ ಹೇಳಬೇಕು. ಆಕೆಗೆ ಆ ಭಾಷೆ ಬಾರದಿದ್ದರೆ ಬರುವ ಭಾಷೆಯಲ್ಲಿ ವಿವರಿಸಬೇಕು. ತಪ್ಪಿದ್ದರೆ ತಿದ್ದಬೇಕು, ನ್ಯಾಯಾಧೀಶರು ತಿದ್ದದಿದ್ದರೆ ಆಕೆಯ ಆಕ್ಷೇಪವನ್ನಾದರೂ ದಾಖಲಿಸಬೇಕು. ಹಳೆಯ ದಂಡಪ್ರಕ್ರಿಯಾ ಸಂಹಿತೆಯ 277 ಮತ್ತು 278ನೇ ಕಲಮಿನ ಈ ನಿಯಮಗಳು ಹೊಸ ಸಂಹಿತೆಯಲ್ಲೂ ಮುಂದುವರಿದಿವೆ.

ಮಹಿಳೆಯರಿಗೆ ಆದಾಯದ ಮಿತಿಯಿಲ್ಲದೆ ಉಚಿತ ವಕೀಲರ ನೆರವು ಕೊಡಬೇಕೆಂದು 1987ರ ಕಾನೂನು ಸೇವಾ ಪ್ರಾಧಿಕಾರ ಕಾಯ್ದೆ ಹೇಳುತ್ತದೆ. ತಾಲೂಕು ಕಾನೂನು ಸೇವಾ ಸಮಿತಿಯಲ್ಲಿ ಅರ್ಜಿ ಕೊಡಬಹುದು. ಓದಿ ಹೇಳಿದ್ದು ಅರ್ಥವಾಗದೆ ಸಹಿ ಹಾಕುವ ಮುನ್ನ ‘ಕನ್ನಡದಲ್ಲಿ ಹೇಳಿ’ ಎಂದು ಕೇಳುವುದು ಕೋರ್ಟಿಗೆ ತೋರುವ ಅಗೌರವವಲ್ಲ, ಅದು ಸಾಕ್ಷಿಯ ಹಕ್ಕು.