ಮೇಸ್ತ್ರಿಯಿಲ್ಲದ ಇಪ್ಪತ್ತು ಕೋಟಿ ದಿಬ್ಬ

ಬ್ರೆಜಿಲ್ ದೇಶದ ಈಶಾನ್ಯ ಭಾಗದಲ್ಲಿ ಕಾಟಿಂಗಾ ಎಂಬ ಮುಳ್ಳುಕಾಡಿದೆ. ವರ್ಷದ ಬಹುಪಾಲು ಒಣಗಿ ನಿಂತಿರುವ ಆ ಕಾಡಿನ ಮರೆಯಲ್ಲಿ ಮಣ್ಣಿನ ದಿಬ್ಬಗಳಿವೆ. ಎಷ್ಟು? ಸುಮಾರು 20 ಕೋಟಿ! ಒಂದೊಂದೂ ಎರಡೂವರೆ ಮೀಟರ್ ಎತ್ತರ, ಬುಡದಲ್ಲಿ ಒಂಬತ್ತು ಮೀಟರ್ ಅಗಲ. ಇಪ್ಪತ್ತು ಮೀಟರಿಗೆ ಒಂದರಂತೆ ಎದ್ದು ನಿಂತ ಈ ಗುಡ್ಡೆಗಳು ಹರಡಿರುವುದು 2,30,000 ಚದರ ಕಿಲೋಮೀಟರ್ ನೆಲದಲ್ಲಿ. ಬೀದರ್‌ನಿಂದ ಚಾಮರಾಜನಗರದವರೆಗಿನ ಇಡೀ ಕರ್ನಾಟಕವನ್ನು ಹಾಸಿದರೂ ಆ ನೆಲ ಮುಚ್ಚುವುದಿಲ್ಲ, ಜೊತೆಗೆ ಇಡೀ ಕೇರಳವನ್ನೂ ಹಾಸಬೇಕು. ಇಷ್ಟನ್ನೂ ಎಬ್ಬಿಸಿದ್ದು ಒಂದು ಸೆಂಟಿಮೀಟರಿಗಿಂತ ತುಸುವೇ ಉದ್ದವಿರುವ ಗೆದ್ದಲು.

ಮಣ್ಣಿನ ಲೆಕ್ಕ ಹಾಕೋಣ. ಒಂದು ದಿಬ್ಬಕ್ಕೆ 50 ಘನ ಮೀಟರ್. ಎಲ್ಲ ಸೇರಿ 10 ಘನ ಕಿಲೋಮೀಟರ್! ಕೆಆರ್‌ಎಸ್ ಜಲಾಶಯ ತುಂಬಿದಾಗ ಹಿಡಿಯುವ ನೀರು 49 ಟಿಎಂಸಿ ಚಿಲ್ಲರೆ. ಈ ಮಣ್ಣನ್ನು ತಂದು ಸುರಿದರೆ ಅಂಥ ಏಳು ಕೆಆರ್‌ಎಸ್‌ಗಳು ಅಂಚಿನವರೆಗೆ ತುಂಬುತ್ತವೆ. ಈಜಿಪ್ಟಿನ ಗೀಜಾದ ಮಹಾ ಪಿರಮಿಡ್ಡಿಗೆ ಹೋಲಿಸಿದರೆ, ಅಂಥವು 4,000. ಟಿಪ್ಪರ್‌ನಲ್ಲಿ ಸಾಗಿಸುತ್ತೇವೆ ಅನ್ನಿ. ಹತ್ತು ಘನ ಮೀಟರ್ ಹಿಡಿಯುವ ಟಿಪ್ಪರ್ ಆದರೆ 100 ಕೋಟಿ ಲೋಡ್. ಒಂದೊಂದು ಟಿಪ್ಪರ್ ಎಂಟು ಮೀಟರ್ ಉದ್ದ ಎಂದುಕೊಂಡು ಮೂತಿಗೆ ಬಾಲ ತಾಗುವಂತೆ ನಿಲ್ಲಿಸಿದರೆ ಸಾಲು 80 ಲಕ್ಷ ಕಿಲೋಮೀಟರ್ ಆಗುತ್ತದೆ, ಅಂದರೆ ಭೂಮಿಗೆ 200 ಸುತ್ತು. ಮತ್ತೂ ಸೋಜಿಗದ ಸಂಗತಿ ಏನೆಂದರೆ, ಈ ದಿಬ್ಬಗಳು ಗೆದ್ದಲಿನ ಮನೆಗಳೇ ಅಲ್ಲ! ನೆಲದೊಳಗೆ ಸುರಂಗ ಕೊರೆಯುವಾಗ ಹೊರಹಾಕಿದ ಮಣ್ಣಿನ ರಾಶಿ ಅಷ್ಟೇ. ಬಿಸಾಡಿದ್ದೇ 4,000 ಪಿರಮಿಡ್!

ಇದನ್ನು 2018ರಲ್ಲಿ ಲೋಕದ ಮುಂದಿಟ್ಟವರು ಕೀಟತಜ್ಞ ಸ್ಟೀಫನ್ ಮಾರ್ಟಿನ್, ಸಸ್ಯವಿಜ್ಞಾನಿ ರಾಯ್ ಫಂಚ್ ಮತ್ತು ಸಂಗಡಿಗರು. ಕೆಲವು ದಿಬ್ಬಗಳ ಮಣ್ಣನ್ನು ಪರೀಕ್ಷೆಗೆ ಕಳಿಸಿದರೆ, ಎಲ್ಲಕ್ಕಿಂತ ಹಳೆಯದರ ವಯಸ್ಸು 3,820 ವರ್ಷ ಎಂದು ಉತ್ತರ ಬಂತು. ಕನ್ನಡದ ಹಲ್ಮಿಡಿ ಶಾಸನಕ್ಕೆ ಸುಮಾರು 1,570 ವರ್ಷ. ಅದರ ಎರಡು ಪಟ್ಟಿಗೂ ಹೆಚ್ಚು ಹಿಂದೆ ಶುರುವಾದ ಕಾಮಗಾರಿ, ಆ ಗೆದ್ದಲು ಈಗಲೂ ಅಲ್ಲೇ ಇದೆ. ಇದೇ ದೀರ್ಘಾಯುಷ್ಯ ಎಂದುಕೊಳ್ಳುವಷ್ಟರಲ್ಲಿ, 2024ರಲ್ಲಿ ದಕ್ಷಿಣ ಆಫ್ರಿಕಾದಿಂದ ಇನ್ನೊಂದು ಸುದ್ದಿ ಬಂತು. ಅಲ್ಲಿನ ನಾಮಾಕ್ವಾಲ್ಯಾಂಡ್‌ನಲ್ಲಿ, ಈಗಲೂ ಗೆದ್ದಲು ವಾಸವಾಗಿರುವ ದಿಬ್ಬಗಳ ವಯಸ್ಸು 34,000 ವರ್ಷ! ಹಲ್ಮಿಡಿ ಶಾಸನದ ಆಯಸ್ಸಿಗೆ 21 ಪಟ್ಟು. ಆಗ ಮನುಷ್ಯ ಕಾಳು ಬಿತ್ತಿ ಬೆಳೆಯುವುದನ್ನೇ ಕಲಿತಿರಲಿಲ್ಲ.

ಇಷ್ಟಕ್ಕೆಲ್ಲ ನಕ್ಷೆ ಬರೆದ ಎಂಜಿನಿಯರ್ ಯಾರು? ಯಾರೂ ಇಲ್ಲ. ಮೇಸ್ತ್ರಿ? ಅವನೂ ಇಲ್ಲ. ರಾಣಿ ಮೊಟ್ಟೆ ಇಡುತ್ತದೆ, ಆಜ್ಞೆ ಕೊಡುವುದಿಲ್ಲ. ಮಳೆ ಬಿದ್ದ ಮಾರನೆಯ ದಿನ ನಮ್ಮ ಹೊಲದ ಬದುವಿನ ಹುತ್ತದ ಮುಂದೆ ಕುಕ್ಕರಗಾಲಲ್ಲಿ ಕೂತು ನೋಡಿ. ಕುಸಿದ ಜಾಗದಲ್ಲಿ ಬಿಳಿಚು ಮೈಯ ಕೆಲಸಗಾರ ಹುಳು ಬರುತ್ತದೆ, ಬಾಯಲ್ಲಿ ಒದ್ದೆ ಮಣ್ಣಿನ ಉಂಡೆ, ಎಂಜಲಿನಿಂದ ಕಲಸಿದ್ದು. ಅದನ್ನು ಒತ್ತಿ ಇಟ್ಟು ಹಿಂದಿರುಗುತ್ತದೆ. ಮುಂದಿನ ಹುಳು ತನ್ನ ಉಂಡೆಯನ್ನು ಅದರ ಪಕ್ಕದಲ್ಲೇ ಇಡುತ್ತದೆ. ಆಗಿರುವ ಕೆಲಸವೇ ಮುಂದಿನ ಕೆಲಸಕ್ಕೆ ಕರೆ ಎಂದು ಫ್ರೆಂಚ್ ವಿಜ್ಞಾನಿ ಪಿಯೇರ್ ಪಾಲ್ ಗ್ರಾಸೆ 1959ರಲ್ಲೇ ಹೇಳಿದರು. ಅಪ್ಪಣೆ ಕೊಡುವವರಿಲ್ಲದೆ ತಾನಾಗಿ ಮೂಡುವ ಇಂಥ ವ್ಯವಸ್ಥೆಗೆ ಸ್ವಯಂಸಂಘಟನೆ ಎಂದು ಹೆಸರು.

ಆ ಉಂಡೆಯ ಬಲವನ್ನೂ ನಮ್ಮಲ್ಲಿ ಅಳೆದಿದ್ದಾರೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಪರಿಸರ ವಿಜ್ಞಾನಿ ರೆನೆ ಬೋರ್ಜೆಸ್ ಮತ್ತು ಸಿವಿಲ್ ಎಂಜಿನಿಯರಿಂಗ್‌ನ ತೇಜಸ್ ಮೂರ್ತಿ ಒಟ್ಟಾಗಿ ಹುತ್ತದ ಮಣ್ಣನ್ನು ಪರೀಕ್ಷಿಸಿದರು. ಗೆದ್ದಲು ಹದ ಮಾಡಿದ ಮಣ್ಣು ಅದೇ ಜಾಗದ ಬರೀ ಮಣ್ಣಿಗಿಂತ ಹತ್ತು ಪಟ್ಟು ಗಟ್ಟಿ! ಹಾರೆ ಹಾಕಿ ಹುತ್ತ ಒಡೆದವರ ತೋಳಿಗೆ ಇದು ಮೊದಲೇ ಗೊತ್ತು. ಕೀಟ ನೋಡುವವರೂ ಸೇತುವೆ ಕಟ್ಟುವವರೂ ಒಂದೇ ಹುತ್ತದ ಮುಂದೆ ಬಂದು ನಿಂತರಲ್ಲ, ಈ ಸ್ವಯಂಸಂಘಟನೆಯ ಶಾಸ್ತ್ರದಲ್ಲಿ ನನಗೆ ಎಲ್ಲಕ್ಕಿಂತ ಖುಷಿ ಕೊಡುವುದು ಅದೇ.

ರೋಮ್ ನಗರದಲ್ಲಿ ಭೌತವಿಜ್ಞಾನಿಗಳು ಹಕ್ಕಿ ನೋಡಲು ಛಾವಣಿ ಹತ್ತಿದರು. ಸಂಜೆಯ ಆಕಾಶದಲ್ಲಿ ಸಾವಿರಗಟ್ಟಲೆ ಒಟ್ಟಾಗಿ ಹೊರಳುವ ಸ್ಟಾರ್ಲಿಂಗ್ (ನಮ್ಮ ಗೊರವಂಕದ ಬಳಗದ್ದು) ಒಂದೊಂದೂ ಗಮನಿಸುವುದು ಹತ್ತಿರದ ಆರೇಳು ಹಕ್ಕಿಗಳನ್ನು ಮಾತ್ರ ಎಂದು 2008ರಲ್ಲಿ ಕಂಡುಕೊಂಡರು. ಆದರೂ 400 ಹಕ್ಕಿಗಳ ಹಿಂಡು ದಿಕ್ಕು ಬದಲಿಸಲು ಬೇಕಾದದ್ದು ಅರ್ಧ ಸೆಕೆಂಡಿಗಿಂತ ತುಸು ಹೆಚ್ಚು, ನೀವು ಒಂದೆರಡು ಸಲ ರೆಪ್ಪೆ ಬಡಿಯುವಷ್ಟು ಹೊತ್ತು. ಆ ತಂಡದಲ್ಲಿದ್ದ ಜಾರ್ಜಿಯೋ ಪರೀಸಿ, ಸಂಕೀರ್ಣ ವ್ಯವಸ್ಥೆಗಳ ಮೇಲಿನ ಕೆಲಸಕ್ಕಾಗಿ 2021ರಲ್ಲಿ ನೊಬೆಲ್ ಪಡೆದರು. ಜಪಾನಿನಲ್ಲಿ 2010ರಲ್ಲಿ ಇನ್ನೂ ವಿಚಿತ್ರವಾದದ್ದು ನಡೆಯಿತು. ಟೋಕಿಯೋ ಸುತ್ತಲಿನ ಊರುಗಳ ನಕ್ಷೆಯಂತೆ ಓಟ್ಸ್ ಚೂರು ಇಟ್ಟು ಒಂದು ಲೋಳೆಜೀವಿಯನ್ನು ಬಿಟ್ಟರು. ಮೆದುಳಿಲ್ಲದ ಒಂದೇ ಒಂದು ಕೋಶ. ಎಂಜಿನಿಯರುಗಳು ದಶಕಗಳಲ್ಲಿ ಹೆಣೆದ ರೈಲು ಜಾಲವನ್ನು ಹೋಲುವ ಜಾಲವನ್ನು ಅದು ಹೆಣೆದದ್ದು ಹೆಚ್ಚುಕಡಿಮೆ ಒಂದು ದಿನದಲ್ಲಿ!

ಈಗ ಇರುವೆ. ಅರ್ಜೆಂಟೀನಾ ಇರುವೆ ಎಂಬ ಎರಡೂವರೆ ಮಿಲಿಮೀಟರ್ ಪ್ರಾಣಿ ದಕ್ಷಿಣ ಅಮೆರಿಕದಿಂದ ಯುರೋಪಿಗೆ ಹೋಗಿ ಸೇರಿತು. 2002ರಲ್ಲಿ ನೋಡಿದಾಗ ಇಟಲಿಯಿಂದ ಸ್ಪೇನಿನ ಅಟ್ಲಾಂಟಿಕ್ ತೀರದವರೆಗೆ 6,000 ಕಿಲೋಮೀಟರ್ ಉದ್ದಕ್ಕೂ ಒಂದೇ ವಸಾಹತು! ಕಾಶ್ಮೀರದಿಂದ ಕನ್ಯಾಕುಮಾರಿಗೆ ಹೋಗಿ ಹೆಚ್ಚುಕಡಿಮೆ ವಾಪಸು ಬಂದಷ್ಟು. ಈ ತುದಿಯ ಇರುವೆಯನ್ನು ಆ ತುದಿಯ ಗೂಡಿನಲ್ಲಿ ಬಿಟ್ಟರೂ ಜಗಳವಿಲ್ಲ. ಮನುಷ್ಯನ ಮೈಯಳತೆಗೆ ಹಿಗ್ಗಿಸಿದರೆ ಅದು 40 ಲಕ್ಷ ಕಿಲೋಮೀಟರ್ ಉದ್ದದ ಊರು. ಚಂದ್ರನಿರುವ ದೂರದ ಹತ್ತು ಪಟ್ಟು ಉದ್ದಕ್ಕೆ ಮನೆಗಳ ಸಾಲು, ಅಧ್ಯಕ್ಷರೊಬ್ಬರೂ ಇಲ್ಲ.

ಭೂಮಿಯ ಮೇಲಿರುವ ಒಟ್ಟು ಇರುವೆಗಳು? 2022ರ ಅಂದಾಜು: 200 ಕೋಟಿ ಕೋಟಿ. ತಲೆಗೆ 25 ಲಕ್ಷ ಇರುವೆ! ಒಂದೊಂದೂ ಐದು ಮಿಲಿಮೀಟರ್ ಎಂದು ಸಾಲಾಗಿ ನಿಲ್ಲಿಸಿದರೆ ಭೂಮಿಗೆ 25 ಲಕ್ಷ ಸುತ್ತು. ಅವುಗಳ ಮೈಯಲ್ಲಿರುವ ಇಂಗಾಲವನ್ನಷ್ಟೇ ತೂಗಿದರೂ 1 ಕೋಟಿ 20 ಲಕ್ಷ ಟನ್, ನಾಲ್ಕು ಟನ್ನಿನ 30 ಲಕ್ಷ ಆನೆಗಳಷ್ಟು. ದೇಶದಲ್ಲೇ ಅತಿ ಹೆಚ್ಚು ಕಾಡಾನೆಗಳಿರುವ ಕರ್ನಾಟಕದಲ್ಲಿರುವುದು ಆರು ಸಾವಿರದ ಆಸುಪಾಸು. ಆ ಲೆಕ್ಕದಲ್ಲಿ 500 ಕರ್ನಾಟಕಗಳ ಆನೆ ಬೇಕು. ಜಗತ್ತಿನ ಎಲ್ಲ ಕಾಡುಹಕ್ಕಿಗಳು ಮತ್ತು ಕಾಡಿನ ಸಸ್ತನಿಗಳನ್ನು ತಕ್ಕಡಿಯ ಇನ್ನೊಂದು ತಟ್ಟೆಯಲ್ಲಿ ಇಟ್ಟರೂ ಇರುವೆಯ ತಟ್ಟೆಯೇ ಕೆಳಗೆ.

ಇಂಥದೇ ಇನ್ನೊಂದು ಸಂತೆ ನಮ್ಮ ತಲೆಯೊಳಗಿದೆ. ಬ್ರೆಜಿಲ್‌ನ ಸುಜಾನಾ ಹರ್ಕ್ಯುಲಾನೊ ಹೌಜೆಲ್ ಮತ್ತು ಸಂಗಡಿಗರು ಮೆದುಳನ್ನು ಕರಗಿಸಿ ದ್ರವ ಮಾಡಿ, 2009ರಲ್ಲಿ ಎಣಿಕೆ ಮುಂದಿಟ್ಟರು: ಒಂದು ಮೆದುಳಿಗೆ 8,600 ಕೋಟಿ ನರಕೋಶ. ಸೆಕೆಂಡಿಗೆ ಒಂದರಂತೆ ಎಣಿಸಿದರೆ 2,700 ವರ್ಷ. ಬುದ್ಧ ಹುಟ್ಟುವ ಮೊದಲೇ ಎಣಿಸಲು ಕೂತಿದ್ದರೆ ಈಗ ಏಳಬಹುದಿತ್ತು. ಅಲ್ಲೂ ಹುಕುಂ ಹೊರಡಿಸುವ ಯಜಮಾನ ಕೋಶ ಒಂದಿಲ್ಲ, ಪ್ರತಿಯೊಂದೂ ತನಗೆ ತಗಲಿರುವ ಕೋಶಗಳ ಮಾತಿಗೆ ಮಾತ್ರ ಕಿವಿಗೊಡುತ್ತದೆ. ಅವುಗಳ ನಡುವಿನ ಬೆಸುಗೆಗಳು ಅಂದಾಜು ಒಂದು ಕೋಟಿ ಕೋಟಿ. ಎಣಿಸಲು 31 ಲಕ್ಷ ವರ್ಷ. ಅದು ಒಂದು ತಲೆಯ ಲೆಕ್ಕ. ಭೂಮಿಯ ಮೇಲೆ 800 ಕೋಟಿ ತಲೆಗಳಿವೆ. ಎಲ್ಲರ ಬೆಸುಗೆಗಳನ್ನೂ ಎಣಿಸಿ ಮುಗಿಸಲು ಬ್ರಹ್ಮಾಂಡದ ಈವರೆಗಿನ ಆಯಸ್ಸಾದ 1,380 ಕೋಟಿ ವರ್ಷ ಸಾಲದು, ಅಂಥವು 18 ಲಕ್ಷ ಬೇಕು!