ಸುಗ್ಗಿಯ ಜೊತೆ ಕುಣಿತವೂ ಉಳಿಯಲಿ



ಫಾಲ್ಗುಣ ಬಂತೆಂದರೆ ನಮ್ಮ ಕುರುಗೋಡು ಕಡೆಯ ಎರೆ ಹೊಲಗಳಲ್ಲಿ ಹಿಂಗಾರಿ ಜೋಳ, ಕಡಲೆಯ ರಾಶಿ ಮುಗಿಯುವ ಹೊತ್ತು. ಹುಡುಗರು ಕಟ್ಟಿಗೆ, ಕುಳ್ಳು ಕೂಡಿಹಾಕಿ ಹಲಗೆ ಬಾರಿಸುತ್ತ ಕಾಮಣ್ಣನನ್ನು ಸುಡುತ್ತಾರೆ. ಇದೇ ದಿನಗಳಲ್ಲಿ ಘಟ್ಟದ ಕೆಳಗಿನ ರೈತರು ಗೆಜ್ಜೆ ಕಟ್ಟಿ ಕುಣಿಯುತ್ತಾರೆ. ಅದೇ ಸುಗ್ಗಿ ಕುಣಿತ.

ಉತ್ತರ ಕನ್ನಡ ಜಿಲ್ಲೆಯ ಅಂಕೋಲಾ, ಕುಮಟಾ, ಹೊನ್ನಾವರ ಕಡೆಯ ಹಾಲಕ್ಕಿ ಒಕ್ಕಲಿಗರದು ಈ ಕುಣಿತ. ಬತ್ತದ ಕೊಯ್ಲು ಮುಗಿದ ಮೇಲೆ ಗಂಡಸರು ಮೇಳ ಕಟ್ಟುತ್ತಾರೆ. ತಲೆಯ ಮೇಲೆ ಬೆಂಡಿನ ಹೂವು, ಬಣ್ಣದ ಕಾಗದಗಳ ಎತ್ತರದ ತುರಾಯಿ. ಕೈಯಲ್ಲಿ ಕೋಲು, ನವಿಲುಗರಿಯ ಕುಂಚ. ಗುಮಟೆ, ಜಾಗಟೆಗಳ ಪೆಟ್ಟಿಗೆ ಸುತ್ತುಗಟ್ಟಿ ಹೆಜ್ಜೆ ಹಾಕುತ್ತಾರೆ. ದೇವರ ಮುಂದೆ ಕುಣಿದು, ಊರೂರು ತಿರುಗಿ ಮನೆಯಂಗಳಗಳಲ್ಲಿ ಕುಣಿಯುತ್ತಾರೆ. ಮನೆಯವರು ಕೈಲಾದದ್ದನ್ನು ಕೊಡುತ್ತಾರೆ. ಹೋಳಿ ಹುಣ್ಣಿಮೆಯ ಹೊತ್ತಿಗೆ ಸುಗ್ಗಿ ಮುಗಿಯುತ್ತದೆ.

ಶಿವನು ಕಾಮನನ್ನು ಸುಟ್ಟದ್ದು ಪುರಾಣದ ಕಥೆ. ಆದರೆ ಹೆಸರನ್ನೇ ನೋಡಿರಿ: ಸುಗ್ಗಿ ಎಂದರೆ ಕೊಯ್ಲು. ಬೆಳೆ ಕೊಟ್ಟ ಭೂಮಿಗೆ, ಚಿಗುರುವ ಮರಕ್ಕೆ ಒಕ್ಕಲಿಗನು ಮೈಯಿಂದಲೇ ಹೇಳುವ ನಮಸ್ಕಾರವಿದು.

ಕಾಲಕ್ಕೆ ತಕ್ಕ ಬದಲಾವಣೆಯೂ ಬೇಕು. ಗುಮಟೆ ಎಂದರೆ ಮಣ್ಣಿನ ಗಡಿಗೆಗೆ ಚರ್ಮ ಬಿಗಿದ ವಾದ್ಯ. ಹಿಂದೆ ಅದಕ್ಕೆ ಉಡದ ಚರ್ಮ ಹಾಕುತ್ತಿದ್ದರು. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯ ಪ್ರಕಾರ ಉಡವನ್ನು ಕೊಲ್ಲುವುದು ಅಪರಾಧ. ನೆರೆಯ ಗೋವೆಯವರು ಆಡಿನ ಚರ್ಮ ಬಳಸಿದರು. 2019ರಲ್ಲಿ ಅಲ್ಲಿನ ಸರಕಾರ ಈ ವಾದ್ಯವನ್ನು ರಾಜ್ಯದ ಪಾರಂಪರಿಕ ವಾದ್ಯವೆಂದು ಘೋಷಿಸಿತು. ಚರ್ಮ ಬದಲಾಯಿತು, ವಾದ್ಯ ಉಳಿಯಿತು.

ಹಾಡಿಗೆ ಮಾತ್ರ ಬದಲಿ ಇಲ್ಲ. ಅಂಕೋಲೆಯ ಬಡಗೇರಿಯ ಸುಕ್ರಿ ಬೊಮ್ಮಗೌಡ ಓದು ಬರಹ ಕಲಿತವರಲ್ಲ. ಹಾಲಕ್ಕಿಗಳ ಸಾವಿರಾರು ಹಾಡು ಅವರ ಬಾಯಲ್ಲಿದ್ದವು. 2017ರಲ್ಲಿ ಪದ್ಮಶ್ರೀ ಬಂತು. 2025ರ ಫೆಬ್ರವರಿಯಲ್ಲಿ ಅವರು ತೀರಿಕೊಂಡರು. ಕಲಿತವರ ಬಾಯಲ್ಲಿ ಇರುವಷ್ಟು ಹಾಡುಗಳೇ ಇನ್ನು ಉಳಿದಂತೆ.

ನಮ್ಮ ಊರುಗಳಲ್ಲಿಯೂ ಕೋಲಾಟದ ಪದ, ಬೀಸುವ ಪದ, ರಾಶಿಯ ಪದ ಬಲ್ಲ ಹಿರಿಯರಿದ್ದಾರೆ. ರಾಶಿ ಮುಗಿದ ಬಿಡುವಿನಲ್ಲಿ ವಾಚನಾಲಯದ ಹುಡುಗರು ಒಂದು ನೋಟುಪುಸ್ತಕ ಹಿಡಿದು ಅವರ ಬಳಿ ಕೂಡಲಿ. ಬರೆದುಕೊಳ್ಳಲಿ, ಮೊಬೈಲಿನಲ್ಲಿ ದನಿ ಹಿಡಿಯಲಿ, ಜೊತೆಗೆ ಹಾಡಿಯೂ ಕಲಿಯಲಿ. ಕಾಮದಹನಕ್ಕೆ ಹಸಿ ಮರ ಕಡಿಯದೆ ಒಣ ಕಟ್ಟಿಗೆಯೇ ಸಾಕೆನ್ನಲಿ.

ಮುಂದಿನ ಬಿತ್ತನೆಗೆಂದು ಒಳ್ಳೆಯ ತೆನೆ ಆರಿಸಿ ಬೀಜ ಕಟ್ಟಿಡುತ್ತೀರಿ. ಹಾಡನ್ನೂ ಹಾಗೆಯೇ ಕಟ್ಟಿಡಿರಿ.